ಭೈರಾದೇವಿ ಮಂಟಪದ ಡ್ರ್ಯಾಗನ್ ಮತ್ತು ಬಾರದ ಚೀನೀಯರು

ಮೂಡುಬಿದಿರೆಯ ಸಾವಿರ ಕಂಬದ ಬಸದಿಗೆ ಹೋದವರ ಕಿವಿಗೆ ಒಂದು ಮಾತು ಬಿದ್ದೇ ಬೀಳುತ್ತದೆ: ಭೈರಾದೇವಿ ಮಂಟಪದ ಅಡಿಪಟ್ಟಿಕೆಯಲ್ಲಿ ಜಿರಾಫೆ ಇದೆ, ಚೀನಾದ ಡ್ರ್ಯಾಗನ್ ಇದೆ, ಹಾಗಾಗಿ ಹಿಂದೆ ಚೀನೀಯರು ಇಲ್ಲಿಗೆ ಬಂದು ನೆಲೆಸಿದ್ದರು. ಮೊದಲೆರಡು ಮಾತಿಗೆ ನನ್ನ ತಕರಾರಿಲ್ಲ. ಮೂರನೆಯದು ಪ್ರವಾಸಿ ಕೈಪಿಡಿಯಿಂದ ವಿಶೇಷಾಂಕಕ್ಕೆ, ಅಲ್ಲಿಂದ ವೇದಿಕೆಯ ಭಾಷಣಕ್ಕೆ ದಾಟಿ ಈಗ ಇತಿಹಾಸವೆಂದೇ ಚಲಾವಣೆಯಲ್ಲಿದೆ. ಅದಕ್ಕೆ ಆಧಾರವಿಲ್ಲ. ಈ ಗದ್ದಲದಲ್ಲಿ ಶಿಲ್ಪವನ್ನೇ ಯಾರೂ ನೋಡುತ್ತಿಲ್ಲ ಎಂಬುದು ಇನ್ನೂ ದೊಡ್ಡ ನಷ್ಟ.

1430ರ ಬಸದಿ, ವಿಜಯನಗರದ ಇಮ್ಮಡಿ ದೇವರಾಯನ ಆಳ್ವಿಕೆ, ಜೈನ ವರ್ತಕರಾದ ಸೆಟ್ಟಿಕಾರರ ಸಿರಿ, ಆಮೇಲೆ ಸೇರಿದ ಮಂಟಪ, ನಾಗಲಾದೇವಿಯ ಮಾನಸ್ತಂಭ ಎಲ್ಲವೂ ಓದುಗರಿಗೆ ಗೊತ್ತಿರುವುದೇ. ನೇರವಾಗಿ ಪಟ್ಟಿಕೆಗೇ ಬರುತ್ತೇನೆ.

ಕಂಬಗಳ ಕುಸುರಿ ಕಣ್ಣನ್ನು ಮೇಲಕ್ಕೆಳೆಯುತ್ತದೆ. ಪಟ್ಟಿಕೆಯನ್ನು ನೋಡಬೇಕೆಂದರೆ ಬಗ್ಗಬೇಕು. ಹಾಗೆ ಬಗ್ಗಿ ನೋಡಿದರೆ ಒಂದು ವಿಷಯ ಸ್ಪಷ್ಟ. ನಮ್ಮ ಶಿಲ್ಪಿಗಳ ಕೈಗೆ ಪಳಗಿದ ಕಲ್ಪಿತ ಮೃಗಗಳಲ್ಲಿ ಮುಖ್ಯವಾದವು ಮಕರ ಮತ್ತು ಯಾಳಿ. ಮಕರಕ್ಕೆ ಸೊಂಡಿಲಿನಂಥ ಮೂತಿ, ತುಂಬಿದ ಮೈ, ಬಳ್ಳಿಯಾಗಿ ಹರಡುವ ಬಾಲ. ಯಾಳಿಯದು ಹಿಂಗಾಲ ಮೇಲೆ ಎದ್ದು ನಿಲ್ಲುವ ಸಿಂಹದ ಮೈ. ಪಟ್ಟಿಕೆಯ ಡ್ರ್ಯಾಗನ್ ಈ ಎರಡೂ ಅಲ್ಲ. ಹಾವಿನಂತೆ ಉದ್ದಕ್ಕೆ ಬಳುಕುವ ಇದರ ಮಾದರಿ ಹೊರಗಿನದು ಎಂದು ಒಪ್ಪುತ್ತೇನೆ. ಆದರೆ ಮಾದರಿ ಬರುವುದಕ್ಕೆ ಮನುಷ್ಯನೇ ಬರಬೇಕಾಗಿಲ್ಲ. ಡ್ರ್ಯಾಗನ್ ಬರೆದ ಪಿಂಗಾಣಿ, ಡ್ರ್ಯಾಗನ್ ನೇಯ್ದ ರೇಷ್ಮೆ ಆ ಕಾಲದ ಹಿಂದೂ ಮಹಾಸಾಗರದ ಬಂದರುಗಳಲ್ಲಿ ಬಿಕರಿಯಾಗುತ್ತಿದ್ದವು. ಮೆಣಸು ಮಾರಿ ಬಂದ ಸೆಟ್ಟಿಯ ಮನೆಗೆ ಒಂದು ತಟ್ಟೆ ಬಂದಿದ್ದರೂ ಶಿಲ್ಪಿಗೆ ಅಷ್ಟೇ ಸಾಕು.

ಚೀನೀಯರ ಕಥೆಯನ್ನು ಕೆಡವುವುದು ಪಕ್ಕದ ಜಿರಾಫೆಯೇ. ಅದು ಆಫ್ರಿಕದ ಪ್ರಾಣಿ. 1414ರಲ್ಲಿ ಬಂಗಾಳದ ಸುಲ್ತಾನ ಚೀನಾದ ಮಿಂಗ್ ಆಸ್ಥಾನಕ್ಕೆ ಒಂದನ್ನು ಕಾಣಿಕೆಯಾಗಿ ಕಳಿಸಿದ. ಮರುವರ್ಷ ಆಫ್ರಿಕದ ಮಾಲಿಂದಿಯಿಂದ ಇನ್ನೊಂದು ಹೋಯಿತು. ಚೀನೀಯರು ಅದನ್ನು ದಿವ್ಯಮೃಗವೆಂದು ಬೆರಗಿನಿಂದ ಕಂಡರು. ಅವರಿಗೇ ಅಪರೂಪವಾಗಿದ್ದ ಪ್ರಾಣಿ ಮೂಡುಬಿದಿರೆಯಲ್ಲಿ ಅವರ ವಲಸೆಗೆ ಸಾಕ್ಷಿಯಾಗುವುದು ಹೇಗೆ? ಪಶ್ಚಿಮದ ಕಡಲಿನಿಂದ ಒಂದು, ಪೂರ್ವದ ಕಡಲಿನಿಂದ ಒಂದು, ಎರಡನ್ನೂ ಒಂದೇ ಸಾಲಿಗೆ ತಂದವನು ಕೇಳಿದ್ದನ್ನೂ ಕಂಡಿದ್ದನ್ನೂ ಬಿಡದೆ ಕೂಡಿಟ್ಟ ಶಿಲ್ಪಿ. ಪಟ್ಟಿಕೆಯ ವಸ್ತು ಲೋಕದ ಅಚ್ಚರಿ. ಚೀನಾ ಅದರಲ್ಲಿ ಒಂದು ತುಣುಕು. ಹಂಪಿಯ ಮಹಾನವಮಿ ದಿಬ್ಬದ ಶಿಲ್ಪಿಗೆ ಪರದೇಶದವರನ್ನು ತೋರಿಸಬೇಕೆನಿಸಿದಾಗ ಟೊಪ್ಪಿ, ಗಡ್ಡ, ನಿಲುವಂಗಿ ಸಮೇತ ಮನುಷ್ಯರನ್ನೇ ಕೆತ್ತಿದ. ಮೂಡುಬಿದಿರೆಯ ಚೀನೀವಾದಿಗಳು ಬೆರಳು ಮಾಡುವುದು ಮಾತ್ರ ಎರಡು ಪ್ರಾಣಿಗಳತ್ತ.

ಲಿಖಿತ ಸಾಕ್ಷ್ಯವೂ ಅವರ ಕಡೆಗಿಲ್ಲ. 14ನೇ ಶತಮಾನದಲ್ಲಿ ಬಾರಕೂರು, ಮಂಗಳೂರು ದಾಟಿ ತೆಂಕಕ್ಕೆ ಹೋದ ಮೊರಾಕೊದ ಪ್ರವಾಸಿ ಇಬ್ನ್ ಬತೂತ, ಚೀನಾದ ಹಡಗುಗಳು ತಲುಪುವುದು ಏಳಿಮಲೆ, ಕಲ್ಲಿಕೋಟೆ, ಕೊಲ್ಲಂ ಬಂದರುಗಳನ್ನು ಮಾತ್ರ ಎಂದು ಬರೆದಿದ್ದಾನೆ. ಏಳಿಮಲೆ ಕಾಸರಗೋಡಿನಿಂದಲೂ ತೆಂಕಕ್ಕಿದೆ. ಮಿಂಗ್ ದಳಪತಿ ಝೆಂಗ್ ಹೆಯ ನೌಕಾಪಡೆಯೊಂದಿಗೆ ದುಭಾಷಿಯಾಗಿ ಬಂದ ಮಾ ಹುವಾನ್ ಕಲ್ಲಿಕೋಟೆಯನ್ನು ವಿಸ್ತಾರವಾಗಿ ವರ್ಣಿಸುತ್ತಾನೆ. ಅದರ ಬಡಗು ಗಡಿಯೆಂದು ಅವನು ಹೇಳುವ ಹೆಸರನ್ನು ವಿದ್ವಾಂಸರು ಹೊನ್ನಾವರವೆಂದು ಗುರುತಿಸಿದ್ದಾರೆ; ಅಂದರೆ ನಡುವಿನ ತುಳುನಾಡಿಗೆ ಅವನ ವರ್ಣನೆಯಲ್ಲಿ ಪ್ರತ್ಯೇಕ ಜಾಗವಿಲ್ಲ. 1443ರಲ್ಲಿ ಮಂಗಳೂರಿನಿಂದ ಘಟ್ಟ ಹತ್ತಿದ ಪರ್ಷಿಯದ ರಾಯಭಾರಿ ಅಬ್ದುರ್ ರಜಾಕ್, ಕಲ್ಲಿಕೋಟೆಯ ನಾವಿಕರಿಗೆ ‘ಚೀನೀ ಮಕ್ಕಳು’ ಎಂಬ ಹೆಸರಿದ್ದುದನ್ನು ದಾಖಲಿಸಿದ್ದಾನೆ. ನೆಲೆ ನಿಂತವರ ನೆನಪು ಅಲ್ಲಿ ಉಳಿದಿರಬಹುದು, ಹುಡುಕುವವರು ಅಲ್ಲಿ ಹುಡುಕಲಿ.

ಇನ್ನು ಬ್ರಿಟಿಷ್ ವಿದ್ವಾಂಸ ಫರ್ಗುಸನ್ ಹೆಸರನ್ನು ಗುರಾಣಿ ಮಾಡಿಕೊಂಡವರು. 1876ರ ತನ್ನ ವಾಸ್ತುಶಿಲ್ಪದ ಗ್ರಂಥದಲ್ಲಿ ಆತ ಈ ಬಸದಿಗಳ ಇಳಿಜಾರು ಚಾವಣಿಗೆ ನೇಪಾಳದ ಹೋಲಿಕೆ ಕೊಟ್ಟ; ಊರ ಹೊರಗಿನ ಜೈನ ಗುರುಗಳ ಸಮಾಧಿಗಳ ಬಗ್ಗೆ ಬರೆಯುವಾಗ ಚೀನಾದ ಪಗೋಡಗಳನ್ನೂ ನೆನೆದ. ಹೋಲಿಕೆ ಹೇಳಿದ್ದೇ ತಡ, ನಮ್ಮ ಲೇಖಕರು ಅದನ್ನು ನಂಟಸ್ತಿಕೆ ಮಾಡಿಬಿಟ್ಟರು. ವರ್ಷಕ್ಕೆ ಸುಮಾರು 4000 ಮಿಲಿಮೀಟರ್ ಮಳೆ ಸುರಿಯುವ ಊರಿನಲ್ಲಿ ಚಾವಣಿ ಇಳಿಜಾರಾಗದೆ ಇನ್ನೇನಾಗಬೇಕಿತ್ತು? ಭಟ್ಕಳದ ಕಲ್ಲು ಹಾಸಿನ ದೇಗುಲಗಳಲ್ಲೂ ನಮ್ಮ ಗುತ್ತಿನ ಮನೆಗಳಲ್ಲೂ ಅದೇ ಇಳಿಜಾರಿದೆ. ಮರದ ಕೆಲಸವನ್ನು ಕಲ್ಲಿಗೂ ತಾಮ್ರದ ತಗಡಿಗೂ ಹೊಂದಿಸಿದ ಇಲ್ಲಿಯ ಆಚಾರಿಗಳ ಜಾಣ್ಮೆಯನ್ನು ಕಸಿದು ಹಿಮಾಲಯದಾಚೆಗೆ ಬರೆದುಕೊಡುವುದು ವಿದ್ವತ್ತಲ್ಲ, ಅನ್ಯಾಯ.

ಈ ಕಥೆಯಿಂದ ನನಗೆ ನೋವಾಗುವುದಕ್ಕೆ ಇನ್ನೂ ಒಂದು ಕಾರಣವಿದೆ. ಚೀನೀ ವಲಸೆಗಾರರು ಭಾರತಕ್ಕೆ ನಿಜವಾಗಿ ಬಂದಿದ್ದಾರೆ. 18ನೇ ಶತಮಾನದ ಕೊನೆಯಲ್ಲಿ ಟಾಂಗ್ ಅಚ್ಯೂ ಕೋಲ್ಕತ್ತಾದ ಬಳಿ ಸಕ್ಕರೆ ಕಾರ್ಖಾನೆ ತೆರೆದ. ಕಾರ್ಖಾನೆಯಿದ್ದ ಊರು ಇವತ್ತಿಗೂ ಅಚಿಪುರ. ಚರ್ಮ ಹದ ಮಾಡುವವರು, ಬಡಗಿಗಳು, ದಂತವೈದ್ಯರು ಆಮೇಲೆ ಬಂದರು. 1962ರ ಯುದ್ಧದ ಹೊತ್ತಿಗೆ ಅವರಲ್ಲಿ ಸುಮಾರು 3000 ಮಂದಿಯನ್ನು ಮನೆಗಳಿಂದ ಎಬ್ಬಿಸಿ ರಾಜಸ್ಥಾನದ ದೇವಲಿ ಶಿಬಿರಕ್ಕೆ ಸಾಗಿಸಲಾಯಿತು. ಇಲ್ಲಿಯೇ ಹುಟ್ಟಿದ ಮಕ್ಕಳೂ ಅಲ್ಲಿದ್ದರು. ಕಲ್ಲಿನ ಡ್ರ್ಯಾಗನ್‌ನಿಂದ ಇಲ್ಲದ ಚೀನೀಯರನ್ನು ಹುಟ್ಟಿಸಿ ಸಂಭ್ರಮಿಸುವ ನಾವು, ನಮ್ಮ ನಡುವೆಯೇ ಬಾಳಿದ ಈ ಜನರ ಬಗ್ಗೆ ಕನ್ನಡದಲ್ಲಿ ಬರೆದಿರುವುದು ಬಹಳ ಕಡಿಮೆ.

ಪಟ್ಟಿಕೆಗೆ ಆಗಬೇಕಾದ ಕೆಲಸ ಬೇರೆ. ಡ್ರ್ಯಾಗನ್, ಜಿರಾಫೆಗಳನ್ನಷ್ಟೇ ಕಿತ್ತು ತೋರಿಸದೆ ಅದರ ಒಂದೊಂದು ಆಕೃತಿಯನ್ನೂ ಕ್ರಮವಾಗಿ ರೇಖೆಗಿಳಿಸಬೇಕು; ಯಾವುದರ ಪಕ್ಕ ಯಾವುದಿದೆ ಎಂದು ಗುರುತಿಸಬೇಕು; ಭಟ್ಕಳದ ಕೇತಪೈ ನಾರಾಯಣ ದೇಗುಲದ ಪಟ್ಟಿಕೆಗಳ ಜೊತೆ ಇಟ್ಟು ಓದಬೇಕು. ಚೀನಾದ ಮಾತನ್ನು ಅದಾದ ಮೇಲೆ ಆಡೋಣ.