ಚಾಮಯ್ಯ ಮೇಷ್ಟ್ರ ಮುಪ್ಪು

ಮಲ್ಲತ್ತಹಳ್ಳಿಯ ಕಲಾಗ್ರಾಮದಲ್ಲಿ ನಾಟಕ ನೋಡುವಾಗ ನನ್ನ ಕಣ್ಣು ನಾಯಕನಿಗಿಂತ ಅಪ್ಪನ ವೇಷದ ಹುಡುಗನ ಮೇಲೇ ಇರುತ್ತದೆ. ಕೂದಲಿಗೆ ಬಿಳಿ ಬಳಿದು ಬೆನ್ನು ಬಗ್ಗಿಸಿದ ಮಾತ್ರಕ್ಕೆ ಮುಪ್ಪು ಬಂದೀತೆ? ಚಿತ್ರನಟ ಕೆ.ಎಸ್. ಅಶ್ವಥ್ ಅವರನ್ನು ನೋಡಿ ಕಲಿಯಬೇಕು.

1955ರ ‘ಸ್ತ್ರೀರತ್ನ’ದಿಂದ ಶುರುವಾದ ಅವರ ನಟನೆ 300ಕ್ಕೂ ಹೆಚ್ಚು ಚಿತ್ರಗಳಿಗೆ ಹಬ್ಬಿತು. ಪೌರಾಣಿಕಗಳಲ್ಲಿ ನಾರದ, ‘ಕಸ್ತೂರಿ ನಿವಾಸ’ದಲ್ಲಿ ನಿಷ್ಠೆಯ ಆಳು. ನಾಯಕನಟ ರಾಜಕುಮಾರ್‌ಗಿಂತ ಅವರು ದೊಡ್ಡವರಾಗಿದ್ದದ್ದು ನಾಲ್ಕೇ ವರ್ಷ. ತೆರೆಯ ಮೇಲೆ ಮಾತ್ರ ಊರಿಗೆಲ್ಲ ಹಿರಿಯರು.

ಪುಟ್ಟಣ್ಣ ಕಣಗಾಲರ ‘ನಾಗರಹಾವು’ (1972) ಬಂದಾಗ ಅಶ್ವಥ್‌ಗೆ 47. ಆದರೆ ಅದರಲ್ಲಿ ಅವರು ಮಾಡಿದ ಚಾಮಯ್ಯ ಮೇಷ್ಟ್ರಿಗೆ ವಯಸ್ಸು ಬಂದದ್ದು ಮೇಕಪ್ಪಿನಿಂದಲ್ಲ, ಕೇಳಿಸಿಕೊಳ್ಳುವ ರೀತಿಯಿಂದ. ಶಿಷ್ಯ ರಾಮಾಚಾರಿ ಕೆರಳಿ ಕೂಗುತ್ತಿದ್ದರೆ ಇವರು ಮಧ್ಯೆ ಬಾಯಿ ಹಾಕುವುದಿಲ್ಲ. ಅವನ ಮಾತು ಮುಗಿಯಲಿ ಎಂದು ಕಾಯುತ್ತಾರೆ. ಆಮೇಲೆ ದನಿ ತಗ್ಗಿಸಿ ಹೇಳುತ್ತಾರೆ, ತಾವು ಹೇಳುತ್ತಿರುವುದು ಸರಿಯೇ ಎಂಬ ಸಣ್ಣ ಅಳುಕನ್ನೂ ಅದರಲ್ಲಿ ಉಳಿಸಿಕೊಂಡು. ಆ ಅಳುಕೇ ಅವರ ದೊಡ್ಡ ಕಸುಬುಗಾರಿಕೆ ಎಂದು ನನ್ನ ಎಣಿಕೆ. ರಾಮಾಚಾರಿಯಾಗಿದ್ದ ವಿಷ್ಣುವರ್ಧನ್ ಆಗ ಹೊಸಬರು, ಅವರ ಸಿಟ್ಟು ಬರೀ ಅಬ್ಬರವಾಗಿಬಿಡಬಹುದಿತ್ತು. ಎದುರಿಗೆ ಅದನ್ನು ನುಂಗಿಕೊಳ್ಳುವ ಮೇಷ್ಟ್ರು ಇದ್ದರು, ಹಾಗಾಗಿ ಆ ಸಿಟ್ಟಿಗೆ ನೋವಿನ ತೂಕ ಬಂತು. ಚಪ್ಪಾಳೆ ಹೋದದ್ದು ಹುಡುಗನಿಗೆ. ಹೋಗಲಿ, ಅಶ್ವಥ್ ಆ ದೃಶ್ಯಗಳನ್ನು ಕಟ್ಟಿದ್ದೇ ಹಾಗೆ.