ಕೂಗಳತೆಯಲ್ಲೊಬ್ಬ ಅಪರಿಚಿತ

'ಡೇಝೀ' ವಿಡಿಯೊ ಆಟದ ಚೆರ್ನಾರಸ್ ಸುಮಾರು 225 ಚದರ ಕಿಲೋಮೀಟರಿನ ನಾಡು. ಎಷ್ಟು ನಡೆದರೂ ಗಾಳಿಯ ಸುಯ್ಲು, ಹುಲ್ಲು ತುಳಿದ ಸಪ್ಪಳ, ಅಷ್ಟೇ. ಅಂಥಲ್ಲಿ ಹೆಡ್‌ಫೋನಿನ ಎಡಗಿವಿಯಲ್ಲಿ ಯಾರೋ "ಗುಂಡು ಹಾರಿಸಬೇಡ" ಅಂದರೆ ಮೈ ಜುಮ್ಮೆನ್ನುತ್ತದೆ.

2012ರಲ್ಲಿ ಡೀನ್ ಹಾಲ್ 'ಆರ್ಮಾ 2' ಆಟದ ಮೇಲೆ ಕಟ್ಟಿದ ಮಾಡ್, ಅಂದರೆ ಮಾರ್ಪಾಡು, ಈ 'ಡೇಝೀ'. ಆಮೇಲೆ ಸ್ವತಂತ್ರ ಆಟವಾಗಿ ಬೆಳೆಯಿತು. ಇಲ್ಲಿ ಮೈಕಿನ ಮಾತು ಸುತ್ತ ಇದ್ದವರೆಲ್ಲರ ಕಿವಿಗೂ ಬೀಳುತ್ತದೆ, ಶತ್ರುವಿನದಕ್ಕೂ. ದೂರವಾದಂತೆ ದನಿ ಕ್ಷೀಣಿಸುತ್ತದೆ. ಪಿಸುಮಾತು, ಮಾತು, ಕೂಗು, ಒಂದೊಂದಕ್ಕೂ ಅದರದೇ ಎಲ್ಲೆ. ತಲೆ ತಿರುಗಿಸಿದರೆ ದನಿ ಒಂದು ಕಿವಿಯಿಂದ ಇನ್ನೊಂದಕ್ಕೆ ಜಾರುತ್ತದೆ. ಮಾತಾಡಿದವನು ಯಾವ ಕಡೆಯ ಮರದ ಮರೆಯಲ್ಲಿದ್ದಾನೆಂದು ಕಣ್ಣಿಗಿಂತ ಮೊದಲು ಕಿವಿಗೆ ತಿಳಿಯುತ್ತದೆ. ಎಂಥ ಕುಸುರಿ!

ಬಾಯಿ ಬಿಟ್ಟರೆ ಅಡಗುತಾಣ ಬಯಲು, ಬಿಡದಿದ್ದರೆ ಸಂಧಾನವೇ ಇಲ್ಲ. ನುರಿತವರು ಆಲಿಸುವುದು ಪದಗಳನ್ನಲ್ಲ: ಉತ್ತರಕ್ಕೆ ಮುಂಚಿನ ತಡವರಿಕೆ, ದನಿಯ ನಡುಕ, ಅತಿಯಾದ ಸ್ನೇಹ. ಗುರಿಯಿಡುವ ಕೈಚಳಕಕ್ಕಿಂತ ಹೀಗೆ ಆಲಿಸುವುದು ದೊಡ್ಡ ವಿದ್ಯೆಯೆಂದೇ ನನ್ನ ಎಣಿಕೆ. ಯಾಕೆಂದರೆ ಬಂದೂಕು ಇಳಿಸಿ ಬೀನ್ಸ್ ಡಬ್ಬಿ ಹಂಚಿಕೊಂಡವರುಂಟು. ಡಬ್ಬಿ ಕೊಡುತ್ತೇನೆಂದು ಕರೆದು ಕೊಂದವರೂ ಉಂಟು.