ಸ್ಥಾವರದ ಬಿಸಿ, ನೆಲಮಾಳಿಗೆಯ ಉಸಿರು: ರಸಿಕರಿಗೊಂದು ಕೈಪಿಡಿ

ಪರಮಾಣು ಸ್ಥಾವರಗಳನ್ನೂ ಅಣುಬಾಂಬಿನ ಧೂಳಿನಿಂದ ಜನರನ್ನು ಕಾಯುವ ನೆಲಮಾಳಿಗೆಗಳನ್ನೂ ವಸ್ತುವಾಗಿಸಿಕೊಂಡ ವಿಡಿಯೊ ಗೇಮುಗಳು, 1980ರ ‘ಮಿಸೈಲ್ ಕಮಾಂಡ್’ನಿಂದ ಇಂದಿನವರೆಗೆ, ತಮ್ಮದೇ ಲಕ್ಷಣಗಳುಳ್ಳ ಒಂದು ಪ್ರಕಾರವೆನ್ನಿಸುವಷ್ಟು ಬೆಳೆದಿವೆ. ಈ ಆಟಗಳಿಗೆ ಹೊಸದಾಗಿ ಬರುವವರ ಕಣ್ಣು ಸಹಜವಾಗಿಯೇ ಸ್ಫೋಟ, ಪಾಳುಬಿದ್ದ ನಗರ, ವಿಕಾರಗೊಂಡ ಪ್ರಾಣಿಗಳ ಮೇಲೆ ಬೀಳುತ್ತದೆಯಾದರೂ, ಇವುಗಳ ನಿಜವಾದ ಸೊಗಸು ಕಾಯುವಿಕೆಯಲ್ಲಿದೆ. ಯಾವ ಆಟ ಕಾಯುವುದನ್ನು ಚೆನ್ನಾಗಿ ಕಟ್ಟಿಕೊಡುತ್ತದೆಯೋ ಅದು ವಸ್ತುವಿಗೆ ನಿಷ್ಠವಾಗಿರುತ್ತದೆ. ಈ ಮಾತನ್ನು ಒಪ್ಪಲು ಎರಡು ಸಂಗತಿಗಳು ತಿಳಿದಿದ್ದರೆ ಸಾಕು. ರಿಯಾಕ್ಟರನ್ನು ನಿಲ್ಲಿಸಿದ ಮೇಲೂ ಅದರ ಬಿಸಿ ನಿಲ್ಲುವುದಿಲ್ಲ ಎಂಬುದು ಮೊದಲನೆಯದು. ನೆಲದಡಿ ಸೇರಿಕೊಂಡವರನ್ನು ಮೊದಲು ಕಾಡುವುದು ವಿಕಿರಣಕ್ಕಿಂತ ಹೆಚ್ಚಾಗಿ ಗಾಳಿ ಮತ್ತು ನೀರು ಎಂಬುದು ಎರಡನೆಯದು.

ತಮಿಳುನಾಡಿನ ಹೊಸೂರು ತಾಲ್ಲೂಕಿನ ಬಾಗಲೂರಿನಂಥ ಗಡಿಯೂರಿನಲ್ಲಿ, ಮನೆಯಲ್ಲಿ ಕನ್ನಡವನ್ನೋ ತೆಲುಗನ್ನೋ ಆಡುತ್ತ ಶಾಲೆಯಲ್ಲಿ ತಮಿಳು ಓದುವ ಎಳೆಯರು ಮೊಬೈಲಿನಲ್ಲಿ ಇಂಥ ಆಟಗಳನ್ನು ಆಡುವಾಗ ಚೆರ್ನೋಬಿಲ್, ಮಾಸ್ಕೋ, ಕ್ಯಾಲಿಫೋರ್ನಿಯಗಳೇ ಕಣ್ಣಿಗೆ ಬೀಳುತ್ತವೆ. ಆದರೆ ಈ ಊರಿನ ಪೂರ್ವಕ್ಕೆ, ಅದೇ ರಾಜ್ಯದ ಕಡಲ ದಂಡೆಯಲ್ಲಿ, 1983ರಲ್ಲಿ ಪರಮಾಣುಗಳನ್ನು ಒಡೆಯುವ ವಿದಳನ ಸರಣಿ ಆರಂಭವಾದ ಕಲ್ಪಾಕ್ಕಂ ಸ್ಥಾವರವಿದೆ. ವಾಯವ್ಯಕ್ಕೆ, ಉತ್ತರ ಕನ್ನಡದ ಕಾಳಿ ನದಿಯ ದಡದಲ್ಲಿ, ಕೈಗಾ ಇದೆ. ಇವೆರಡಕ್ಕಿಂತಲೂ ಹತ್ತಿರದಲ್ಲಿ, ಮಾಲೂರಿನಾಚೆ, ಭೂಮಿಯೊಳಗೆ ಮೈಲಿಗಟ್ಟಲೆ ಇಳಿದಿರುವ ಕೋಲಾರದ ಚಿನ್ನದ ಗಣಿಗಳಿವೆ. ಪ್ರಕಾರವನ್ನು ಅರಿಯಲು ಬೇಕಾದ ವಾಸ್ತವದ ಬಹುಪಾಲು ಈ ಮೂರು ಸ್ಥಳಗಳಲ್ಲಿಯೇ ಸಿಗುತ್ತದೆ.

ಕೈಗಾದಲ್ಲಿ ತಲಾ 220 ಮೆಗಾವಾಟ್ ವಿದ್ಯುತ್ ಕೊಡುವ ನಾಲ್ಕು ಘಟಕಗಳಿವೆ. ಮೊದಲ ಎರಡು 2000ನೇ ಇಸವಿಯಲ್ಲಿ, ಮೂರನೆಯದು 2007ರಲ್ಲಿ, ನಾಲ್ಕನೆಯದು 2011ರಲ್ಲಿ ವಾಣಿಜ್ಯ ಉತ್ಪಾದನೆಗೆ ತೆರೆದುಕೊಂಡವು. ಇವು ಭಾರಜಲ ರಿಯಾಕ್ಟರುಗಳು; ಎಂದರೆ, ಯುರೇನಿಯಂ ಪರಮಾಣು ಒಡೆದಾಗ ಹೊಮ್ಮುವ ನ್ಯೂಟ್ರಾನುಗಳ ವೇಗವನ್ನು ತಗ್ಗಿಸಿ ಮುಂದಿನ ಪರಮಾಣುವನ್ನು ಒಡೆಯಲು ಅವುಗಳನ್ನು ಅಣಿಗೊಳಿಸುವ ‘ಮಂದಕ’ವಾಗಿಯೂ, ಹುಟ್ಟಿದ ಬಿಸಿಯನ್ನು ಹೊತ್ತೊಯ್ಯುವ ‘ಶೀತಕ’ವಾಗಿಯೂ ಇಲ್ಲಿ ಭಾರಜಲವೇ ಕೆಲಸ ಮಾಡುತ್ತದೆ. ಕ್ಯಾಲಂಡ್ರಿಯಾ ಎಂಬ, ಅಡ್ಡಲಾಗಿ ಮಲಗಿಸಿದ ಪೀಪಾಯಿಯಾಕಾರದ ಪಾತ್ರೆಯ ಮೂಲಕ 306 ಕೊಳವೆಗಳು ಹಾದುಹೋಗುತ್ತವೆ, ಪ್ರತಿ ಕೊಳವೆಯಲ್ಲಿ ಅರ್ಧ ಮೀಟರ್ ಉದ್ದದ 12 ಇಂಧನ ಕಟ್ಟುಗಳು ಸಾಲಾಗಿ ಕೂರುತ್ತವೆ, ಮತ್ತು ಸ್ಥಾವರ ಪೂರ್ಣ ಶಕ್ತಿಯಲ್ಲಿ ಓಡುತ್ತಿರುವಾಗಲೇ ಒಂದು ತುದಿಯ ಯಂತ್ರ ಹೊಸ ಕಟ್ಟನ್ನು ಒಳಗೆ ತಳ್ಳುತ್ತಿದ್ದಂತೆ ಇನ್ನೊಂದು ತುದಿಯ ಯಂತ್ರ ಹಳೆಯದನ್ನು ಹೊರತೆಗೆದುಕೊಳ್ಳುತ್ತದೆ. ಇಂಧನ ತುಂಬಲು ಯಂತ್ರವನ್ನು ನಿಲ್ಲಿಸಬೇಕಿಲ್ಲದ ಈ ಏರ್ಪಾಡಿನಿಂದಲೇ ಕೈಗಾದ ಮೊದಲ ಘಟಕ 2016ರ ಮೇ 13ರಿಂದ 2018ರ ಡಿಸೆಂಬರ್ 31ರವರೆಗೆ 962 ದಿನ ಬಿಡುವಿಲ್ಲದೆ ಓಡಿ ಆ ಕಾಲಕ್ಕೆ ವಿಶ್ವದಾಖಲೆ ಬರೆಯಿತು. ಇದೇ ಘಟಕದ ಒಳಗುಮ್ಮಟದ ಕಾಂಕ್ರೀಟು 1994ರ ಮೇ ತಿಂಗಳಲ್ಲಿ, ಕಟ್ಟುತ್ತಿರುವಾಗಲೇ, ಪದರ ಬಿಟ್ಟು ಕಳಚಿ ಬಿದ್ದಿತ್ತೆಂಬುದನ್ನೂ ಮರೆಯಬಾರದು. ಗುಮ್ಮಟವನ್ನು ಹೊಸ ವಿನ್ಯಾಸದಲ್ಲಿ ಮತ್ತೆ ಕಟ್ಟಿದ ಮೇಲೆಯೇ ಆ 962 ದಿನಗಳು ಸಾಧ್ಯವಾದವು.

ವಿದಳನವನ್ನು ನಿಲ್ಲಿಸುವುದು ಕಷ್ಟದ ಕೆಲಸವಲ್ಲ; ನ್ಯೂಟ್ರಾನುಗಳನ್ನು ನುಂಗುವ ಕ್ಯಾಡ್ಮಿಯಂ ಸರಳುಗಳು ಕೆಲವೇ ಸೆಕೆಂಡುಗಳಲ್ಲಿ ಒಳಗಿಳಿದು ಸರಣಿಯನ್ನು ಕಡಿಯುತ್ತವೆ. ಆದರೆ ಒಡೆದ ಪರಮಾಣುಗಳ ತುಣುಕುಗಳು ತಾವೇ ವಿಕಿರಣಶೀಲವಾಗಿದ್ದು ಕ್ಷಯಿಸುತ್ತಲೇ ಇರುವುದರಿಂದ, ನಿಲ್ಲಿಸಿದ ಕ್ಷಣದಲ್ಲಿಯೂ ಪೂರ್ಣ ಶಾಖದ ಶೇ. 6ರಿಂದ 7ರಷ್ಟು ಬಿಸಿ ಹುಟ್ಟುತ್ತಿರುತ್ತದೆ. ಒಂದು ಗಂಟೆಯ ಬಳಿಕ ಅದು ಶೇ. 1.5ರ ಆಸುಪಾಸಿಗೆ, ಒಂದು ದಿನದ ಬಳಿಕ ಶೇ. 0.5ರ ಆಸುಪಾಸಿಗೆ ಇಳಿಯುತ್ತದೆ. ಕೈಗಾದಂಥ ಘಟಕದಲ್ಲಿ ಹುಟ್ಟುವ ಒಟ್ಟು ಶಾಖ ಸುಮಾರು 750 ಮೆಗಾವಾಟ್ ಆಗಿರುವುದರಿಂದ, ಗುಂಡಿ ಒತ್ತಿದ ಮೇಲೂ 50 ಮೆಗಾವಾಟಿನಷ್ಟು ಶಾಖವನ್ನು ಯಾರಾದರೂ, ಹೇಗಾದರೂ ಹೊರಸಾಗಿಸುತ್ತಿರಬೇಕು. ಇದನ್ನು ‘ಕ್ಷಯಶಾಖ’ ಎನ್ನಬಹುದು.

ಕ್ಷಯಶಾಖದ ಅರ್ಥ ಭಾರತದಲ್ಲಿ ಅತ್ಯಂತ ತೀವ್ರವಾಗಿ ಕಂಡದ್ದು 1993ರ ಮಾರ್ಚ್ 31ರ ಬೆಳಗಿನ ಜಾವ, ಉತ್ತರ ಪ್ರದೇಶದ ನರೋರಾದಲ್ಲಿ. ಟರ್ಬೈನಿನ ಎರಡು ಅಲಗು ಮುರಿದು, ಸೋರಿದ ಹೈಡ್ರೋಜನ್ನಿಗೆ ಬೆಂಕಿ ಹತ್ತಿ, ಕೇಬಲ್ಲುಗಳೆಲ್ಲ ಸುಟ್ಟು, ಇಡೀ ಘಟಕಕ್ಕೆ 17 ಗಂಟೆ ವಿದ್ಯುತ್ತೇ ಇಲ್ಲದಂತಾಯಿತು. ಹೊಗೆ ತುಂಬಿದ ನಿಯಂತ್ರಣ ಕೊಠಡಿಯನ್ನು ಬಿಡಬೇಕಾಗಿ ಬಂದರೂ ಸಿಬ್ಬಂದಿ ಟಾರ್ಚು ಹಿಡಿದು ರಿಯಾಕ್ಟರ್ ಕಟ್ಟಡದ ಮೇಲೇರಿ ನ್ಯೂಟ್ರಾನುಗಳನ್ನು ನುಂಗುವ ಬೋರಾನ್ ದ್ರಾವಣವನ್ನು ಕೈಯಿಂದಲೇ ಬಿಟ್ಟು ವಿದಳನ ಮತ್ತೆ ತಲೆಯೆತ್ತದಂತೆ ನೋಡಿಕೊಂಡರು, ಬೆಂಕಿ ಆರಿಸಲೆಂದು ಇಟ್ಟಿದ್ದ ಡೀಸೆಲ್ ಪಂಪುಗಳಿಂದ ಉಗಿ ಉತ್ಪಾದಕಗಳಿಗೆ ನೀರು ಹಾಯಿಸಿದರು, ಮತ್ತು ಬಿಸಿನೀರು ಮೇಲೇರಿ ತಣ್ಣೀರು ಕೆಳಗಿಳಿಯುವ ಸಹಜ ಹರಿವೊಂದನ್ನೇ ನಂಬಿ ಇಂಧನವನ್ನು ಕಾಪಾಡಿದರು. ಕ್ಷಯಶಾಖದೊಡನೆ ನಡೆದ ಆ 17 ಗಂಟೆಗಳ ಹೋರಾಟದಷ್ಟು ನಾಟಕೀಯವಾದ ಕಥೆಯನ್ನು ಈ ಪ್ರಕಾರದ ಪ್ರಸಿದ್ಧ ಆಟಗಳು ಇನ್ನೂ ಕೈಗೆತ್ತಿಕೊಂಡಿಲ್ಲವೆಂಬುದು ನಿಜಕ್ಕೂ ಕೊರತೆಯೇ.

1993ರಲ್ಲಿಯೇ ಬಂದ ‘ಸಿಮ್‌ಸಿಟಿ 2000’ ಎಂಬ ನಗರ ಕಟ್ಟುವ ಆಟದಲ್ಲಿ ಅಣುಸ್ಥಾವರವೆಂದರೆ ಎಂದಾದರೊಂದು ದಿನ ಸಿಡಿಯಬಹುದಾದ ಕಟ್ಟಡ, ಅಷ್ಟೆ. ಕಾರ್ಖಾನೆ ಕಟ್ಟುವ ‘ಫ್ಯಾಕ್ಟೊರಿಯೊ’ ಇದಕ್ಕಿಂತ ಬಹಳ ಸೂಕ್ಷ್ಮವಾದದ್ದು. ಅದರಲ್ಲಿ ಅದಿರನ್ನು ಸಂಸ್ಕರಿಸಿದಾಗ ಸುಲಭವಾಗಿ ಒಡೆಯುವ ಯುರೇನಿಯಂ-235 ಶೇ. 0.7ರಷ್ಟೇ ಸಿಗುತ್ತದೆ, ಮತ್ತು ಪ್ರಕೃತಿಯಲ್ಲಿರುವ ಪ್ರಮಾಣವೂ ಅದೇ. ಒಮ್ಮೆ ಒಳಗಿಟ್ಟ ಇಂಧನಕೋಶ, ಕಾರ್ಖಾನೆಗೆ ವಿದ್ಯುತ್ ಬೇಕಿರಲಿ ಬೇಡವಿರಲಿ, 200 ಸೆಕೆಂಡು ಉರಿದೇ ತೀರುವುದರಿಂದ, ಜಾಣ ಆಟಗಾರ ಮಿಕ್ಕ ಶಾಖವನ್ನು ಉಗಿಯಾಗಿ ತೊಟ್ಟಿಗಳಲ್ಲಿ ಶೇಖರಿಸಲು ಕಲಿಯುತ್ತಾನೆ. ಕ್ಷಯಶಾಖ ಈ ಆಟದಲ್ಲಿಲ್ಲ. ಆದರೂ ರಿಯಾಕ್ಟರಿಗೆ ಅವಸರದ ಭಾಷೆ ತಿಳಿಯದು ಎಂಬುದನ್ನು ಇದರಷ್ಟು ಚೆನ್ನಾಗಿ ಕಲಿಸುವ ಆಟ ವಿರಳ.

ಬಣ್ಣ ಮತ್ತು ದನಿಯ ವಿಷಯದಲ್ಲಿ ರಸಿಕ ಸ್ವಲ್ಪ ಎಚ್ಚರದಿಂದಿರಬೇಕು. ಆಟಗಳಲ್ಲಿ ವಿಕಿರಣ ಹಸಿರಾಗಿ ಹೊಳೆಯುತ್ತದೆ. ರೇಡಿಯಂ ಬೆರೆಸಿದ ಹಳೆಯ ಗಡಿಯಾರದ ಬಣ್ಣದಿಂದ ಬಂದ ಕಲ್ಪನೆಯದು. ನೀರಿನಲ್ಲಿ ಮುಳುಗಿರುವ ರಿಯಾಕ್ಟರಿನ ನಿಜವಾದ ಹೊಳಪು ತಿಳಿನೀಲಿ, ಏಕೆಂದರೆ ವಿದ್ಯುದಾವಿಷ್ಟ ಕಣಗಳು ನೀರಿನಲ್ಲಿ ಬೆಳಕು ಸಾಗುವ ವೇಗವನ್ನೂ ಮೀರಿ ಓಡಿದಾಗ ಆ ನೀಲಿ ಹುಟ್ಟುತ್ತದೆ. 1956ರ ಆಗಸ್ಟ್ 4ರಂದು ಟ್ರಾಂಬೆಯಲ್ಲಿ ಚಾಲನೆಗೊಂಡ ದೇಶದ ಮೊದಲ ರಿಯಾಕ್ಟರ್ ‘ಅಪ್ಸರಾ’ ಇಂಥ ಕೊಳದ ಮಾದರಿಯದಾಗಿತ್ತು. ಅದರ ಕೆಲಸದಲ್ಲಿ ತುಮಕೂರು ಜಿಲ್ಲೆಯ ರಾಜಾ ರಾಮಣ್ಣ, ಬೆಂಗಳೂರಿನ ಎಂ. ಆರ್. ಶ್ರೀನಿವಾಸನ್ ಇಬ್ಬರೂ ತೊಡಗಿದ್ದರು. ಪಿಯಾನೊ ನುಡಿಸುತ್ತ, ರಾಗ ಮತ್ತು ಪಾಶ್ಚಾತ್ಯ ಸಂಗೀತಗಳ ರಚನೆಯನ್ನು ಕುರಿತು ಪುಸ್ತಕವನ್ನೇ ಬರೆದ ರಾಮಣ್ಣನವರಂಥ ರಸಿಕರು ಈ ಕ್ಷೇತ್ರದೊಳಗೇ ಇದ್ದರೆಂಬುದು ನೆನೆಯತಕ್ಕ ವಿಷಯ. ದನಿಯಲ್ಲಿ ಮಾತ್ರ ಆಟಗಳು ಸತ್ಯಕ್ಕೆ ಹತ್ತಿರವಾಗಿವೆ. ಗೀಗರ್ ಮಾಪಕದ ಅನಿಲದ ಕೊಳವೆ ಒಂದೊಂದು ಕಿರಣವನ್ನು ಗ್ರಹಿಸಿದಾಗಲೂ ಒಂದೊಂದು ‘ಟಕ್’ ಸದ್ದು ಹೊರಡುತ್ತದೆ. ಉಕ್ರೇನಿನ ಸಂಸ್ಥೆಯೊಂದು 2007ರಲ್ಲಿ ತಂದ ‘ಸ್ಟಾಕರ್: ಶ್ಯಾಡೊ ಆಫ್ ಚೆರ್ನೋಬಿಲ್’ನಲ್ಲಿ ಆ ಸದ್ದು ದಟ್ಟವಾಗುತ್ತ ಹೋದಂತೆ, ಕಣ್ಣಿಗೆ ಹುಲ್ಲುಗಾವಲಲ್ಲದೆ ಬೇರೇನೂ ಕಾಣದಿದ್ದರೂ, ಭಯಾನಕ ರಸ ತಾನಾಗಿ ನೆಲೆಗೊಳ್ಳುತ್ತದೆ. ಭಾವವನ್ನು ಕೆರಳಿಸುವ ಇಂಥದನ್ನೇ ಅಲಂಕಾರಶಾಸ್ತ್ರ ಉದ್ದೀಪನ ವಿಭಾವವೆಂದು ಕರೆಯುತ್ತದೆ.

ನೆಲಮಾಳಿಗೆಯ ಲೆಕ್ಕ ಬೇರೆ. ಬಾಂಬು ನೆಲದ ಹತ್ತಿರ ಸಿಡಿದಾಗ ಮೇಲೆದ್ದ ಮಣ್ಣು ವಿಕಿರಣಶೀಲವಾಗಿ ಮರಳಿ ಉದುರುತ್ತದೆ; ಅದು ಸೂಸುವ ಗಾಮಾ ಕಿರಣವನ್ನು ಅರ್ಧಕ್ಕೆ ಇಳಿಸಲು ಸುಮಾರು 6 ಸೆಂಟಿಮೀಟರ್ ಕಾಂಕ್ರೀಟು ಅಥವಾ 9 ಸೆಂಟಿಮೀಟರ್ ಗಟ್ಟಿಮಣ್ಣು ಸಾಕು, ಹೀಗಾಗಿ 90 ಸೆಂಟಿಮೀಟರ್ ಮಣ್ಣು ಅದನ್ನು ಸಾವಿರದಲ್ಲೊಂದು ಪಾಲಿಗೆ ತಗ್ಗಿಸುತ್ತದೆ. ಕಾಲವೂ ಕಾಪಾಡುತ್ತದೆ: ಸಮಯ ಏಳು ಪಟ್ಟಾದಂತೆ ಧೂಳಿನ ತೀವ್ರತೆ ಹತ್ತನೇ ಒಂದಕ್ಕೆ ಇಳಿಯುವುದರಿಂದ, ಮೊದಲ ಗಂಟೆಯಲ್ಲಿದ್ದದ್ದು ಎರಡು ದಿನಗಳಲ್ಲಿ ನೂರನೇ ಒಂದಕ್ಕೂ ಎರಡು ವಾರಗಳಲ್ಲಿ ಸಾವಿರದ ಒಂದಕ್ಕೂ ಬರುತ್ತದೆ. 1997ರ ‘ಫಾಲ್‌ಔಟ್’ ಆಟದಲ್ಲಿ 2077ರ ಅಣುಯುದ್ಧದಿಂದ ಪಾರಾದವರ ಸಂತತಿ 2161ರವರೆಗೆ ನೆಲದಡಿಯಲ್ಲೇ ಇರುವುದು ಈ ಲೆಕ್ಕಕ್ಕೆ ಹೊಂದುವುದಿಲ್ಲ. ದಶಕಗಟ್ಟಲೆ ಉಳಿಯುವುದು ಮುಖ್ಯವಾಗಿ 30 ವರ್ಷಕ್ಕೊಮ್ಮೆ ಅರ್ಧಕ್ಕಿಳಿಯುವ ಸೀಸಿಯಂ-137ರಂಥ ವಸ್ತುಗಳು, ಮತ್ತು ಅವು ನೆಲದಲ್ಲಿ ಬೇರೂರಿದ್ದಕ್ಕೆ ಸ್ಥಾವರದ ಅಪಘಾತ ನಡೆದ ಚೆರ್ನೋಬಿಲ್ ಸಾಕ್ಷಿ. ಬಾಂಬಿನ ಧೂಳು ಮತ್ತು ಸ್ಥಾವರದ ಅಪಘಾತ ಇವೆರಡನ್ನೂ ಒಂದೇ ಎಂಬಂತೆ ಬೆರೆಸುವುದು ಈ ಪ್ರಕಾರದ ದೊಡ್ಡ ದೋಷ.

ಆದರೆ ಅದೇ ‘ಫಾಲ್‌ಔಟ್’ ಕಥೆಯನ್ನು ಆರಂಭಿಸುವ ರೀತಿ ಮೆಚ್ಚತಕ್ಕದ್ದು: ನೆಲಮಾಳಿಗೆಯ ನೀರು ಶುದ್ಧಿಸುವ ಯಂತ್ರದ ಚಿಪ್ ಒಂದು ಕೆಟ್ಟು, ಬದಲಿ ಚಿಪ್ ಹುಡುಕಿ ತರಲು 150 ದಿನಗಳ ಗಡುವು. ನೀರಿನಂತೆ ಗಾಳಿಯೂ ನೆಲದಡಿಯ ತೊಡಕೇ; ರಾಗಿ ಸೀಮೆಯ ಓದುಗರಿಗೆ ಇಲ್ಲಿ ಹಗೇವು ನೆನಪಾಗಬೇಕು. ನೆಲದಲ್ಲಿ ಆಳವಾಗಿ ತೋಡಿ, ಬಾಯಿಗೆ ಕಲ್ಲು ಮುಚ್ಚಿ ಮಣ್ಣು ಮೆತ್ತಿ ವರ್ಷಗಟ್ಟಲೆ ರಾಗಿಯನ್ನು ಕಾಪಿಡುತ್ತಿದ್ದ ಆ ಕಣಜದ ಬಾಯಿ ತೆರೆದೊಡನೆ ಯಾರೂ ಒಳಗಿಳಿಯುತ್ತಿರಲಿಲ್ಲ. ಕೆಟ್ಟ ಗಾಳಿ ಹೊರಹೋಗಲು ಬಿಟ್ಟು, ದೀಪ ಇಳಿಸಿ, ಅದು ಆರದಿದ್ದರೆ ಮಾತ್ರ ಆಳು ಇಳಿಯುತ್ತಿದ್ದ. ಕಾಳನ್ನು ಕಾಯುವ ಬಿಗಿಯೇ ಮನುಷ್ಯನ ಉಸಿರಿಗೆ ಎರವಾಗುವ ಈ ಸಂಗತಿಯನ್ನು ಅಣು ನೆಲಮಾಳಿಗೆ ಕಟ್ಟಿದವರೂ ಎದುರಿಸಿದರು. 1963ರ ಕಾನೂನಿನ ಬಳಿಕ ಇಡೀ ಜನಸಂಖ್ಯೆಗೆ ನೆಲಮಾಳಿಗೆ ಒದಗಿಸಲು ಹೊರಟ ಸ್ವಿಟ್ಜರ್ಲೆಂಡಿನಲ್ಲಿ ವಿದ್ಯುತ್ ಹೋದರೂ ಕೈಯಿಂದ ತಿರುಗಿಸಬಹುದಾದ ಗಾಳಿಯಂತ್ರಗಳನ್ನು ಕೂರಿಸಿದ್ದು ಇದೇ ಕಾರಣಕ್ಕೆ. ಮಾಸ್ಕೋದ ಸುರಂಗ ರೈಲುಮಾರ್ಗದಲ್ಲಿ ಉಳಿದವರ ಕಥೆ ಹೇಳುವ ‘ಮೆಟ್ರೊ 2033’ರಲ್ಲಿ ಮುಖವಾಡದ ಶೋಧಕ ನಿಮಿಷ ನಿಮಿಷಕ್ಕೂ ಸವೆಯುತ್ತದೆ, ಆಟಗಾರನ ಉಸಿರು ಭಾರವಾಗುತ್ತದೆ, ಗಾಜು ಬಿರುಕು ಬಿಡುತ್ತದೆ; ಗುಂಡುಗಳನ್ನು ಎಣಿಸುವುದಕ್ಕಿಂತ ಶೋಧಕಗಳನ್ನು ಎಣಿಸಲು ಕಲಿತವನಿಗೆ ಆ ಆಟ ಒಲಿಯುತ್ತದೆ.

ನಿಜವಾದ ಆಳವೆಂದರೇನೆಂದು ಕೋಲಾರ ತೋರಿಸುತ್ತದೆ. 1965ರಲ್ಲಿ ಅಲ್ಲಿನ ಗಣಿಯ 2 ಕಿಲೋಮೀಟರಿಗೂ ಹೆಚ್ಚಿನ ಆಳದಲ್ಲಿ, ಬೇರೆ ವಿಶ್ವಕಿರಣಗಳನ್ನು ಬಹುತೇಕ ಬಂಡೆಯೇ ತಡೆಹಿಡಿದ ಮೌನದಲ್ಲಿ, ನಂಜನಗೂಡಿನ ಬಿ. ವಿ. ಶ್ರೀಕಂಠನ್ ಮೊದಲಾದವರ ತಂಡ ವಾತಾವರಣದಲ್ಲಿ ಹುಟ್ಟಿ ಬಂಡೆಯನ್ನೂ ತೂರಿಬರುವ ನ್ಯೂಟ್ರಿನೊ ಕಣಗಳ ಗುರುತು ಹಿಡಿಯಿತು. ಅದೇ ಗಣಿಯಲ್ಲಿ, ವಿಕಿರಣಶೀಲ ತ್ಯಾಜ್ಯವನ್ನು ಹೂಳಿದರೆ ಅದರ ಶಾಖಕ್ಕೆ ಬಂಡೆ ಹೇಗೆ ವರ್ತಿಸೀತೆಂದು ಹೀಟರುಗಳನ್ನಿಟ್ಟು ಪರೀಕ್ಷಿಸಿದ್ದೂ ಉಂಟು. 2012ರ ನವೆಂಬರಿನಲ್ಲಿ ತಮಿಳುನಾಡಿನ ಕೂಡಂಕುಳಂ ಸ್ಥಾವರದ ತ್ಯಾಜ್ಯ ಕೋಲಾರಕ್ಕೆ ಬರಬಹುದೆಂಬ ಮಾತು ಸುಪ್ರೀಂ ಕೋರ್ಟಿನಲ್ಲಿ ಕೇಳಿಬಂದಾಗ ಜಿಲ್ಲೆಯ ಜನ ಬೀದಿಗಿಳಿದರು, ಅಂಥ ಯೋಜನೆಯಿಲ್ಲವೆಂದು ಸರ್ಕಾರ ಹೇಳಬೇಕಾಯಿತು. ಅದಕ್ಕೂ ಮೊದಲು ಶಿವರಾಮ ಕಾರಂತರು ಕೈಗಾವನ್ನು ವಿರೋಧಿಸಿ 1989ರ ಲೋಕಸಭಾ ಚುನಾವಣೆಗೇ ನಿಂತಿದ್ದರು. ಯಾರ ನೆಲದಡಿ ಏನನ್ನು ಇಡಬೇಕೆಂದು ನಿರ್ಧರಿಸುವವರು ಯಾರು ಎಂಬ ಈ ಪ್ರಶ್ನೆಯೇ ‘ಫಾಲ್‌ಔಟ್’ ಸರಣಿಯ ತಿರುಳು: ಅಲ್ಲಿ ಜನರನ್ನು ಉಳಿಸುತ್ತೇವೆಂದು ಕಂಪನಿಯೊಂದು ಕಟ್ಟಿದ ನೆಲಮಾಳಿಗೆಗಳಲ್ಲಿ ಬಹುಪಾಲು, ಒಳಗಿದ್ದವರಿಗೆ ತಿಳಿಸದೆ ಅವರ ಮೇಲೆ ನಡೆಸಿದ ಪ್ರಯೋಗಗಳಾಗಿದ್ದವು. ಸರಣಿಯ ಅತ್ಯಂತ ಗಂಭೀರ ಭಾಗ ಇದು, ಮತ್ತು ಇಲ್ಲಿ ಭಯಾನಕಕ್ಕಿಂತ ಕರುಣವೇ ಮೇಲುಗೈಯಾಗುತ್ತದೆ.

ಆರಂಭಿಸುವವರು 2015ರ ‘ಫಾಲ್‌ಔಟ್ ಶೆಲ್ಟರ್’ನಿಂದ ತೊಡಗುವುದು ಒಳಿತು, ಅದು ಮೊಬೈಲಿನಲ್ಲಿ ಪುಕ್ಕಟೆಯಾಗಿ ಸಿಗುತ್ತದೆ, ಸೀಳಿ ತೋರಿಸಿದ ಕಟ್ಟಡದಂತೆ ಕೋಣೆಗಳೆಲ್ಲ ಒಮ್ಮೆಗೇ ಕಾಣುತ್ತವೆ. ವಿದ್ಯುತ್ ಕಡಿಮೆಯಾದಾಗ ಜನರೇಟರಿನಿಂದ ದೂರದ ಕೋಣೆಗಳು ಮೊದಲು ಕತ್ತಲಾಗುವುದನ್ನೂ, ಉತ್ಪಾದನೆಯನ್ನು ಅವಸರಪಡಿಸಿದರೆ ಬೆಂಕಿ ಹೊತ್ತಿಕೊಳ್ಳಬಹುದೆಂಬುದನ್ನೂ ಗಮನಿಸಿದವರು, ನೀರು ಕಡಿಮೆಯಾದರೆ ಜನರಿಗೆ ವಿಕಿರಣ ತಗಲುವುದು ಆಟದ ಅನುಕೂಲಕ್ಕಾಗಿ ಮಾಡಿಕೊಂಡ ಸುಳ್ಳೆಂಬುದನ್ನೂ ಗುರುತಿಸಬಲ್ಲರು. ಬಳಿಕ ಕುಟುಂಬವೊಂದು ನೆಲಮಾಳಿಗೆಯಲ್ಲಿ ಬದುಕುಳಿಯಲು ಹೆಣಗುವ ‘60 ಸೆಕೆಂಡ್ಸ್!’, ಅದರ ಬಳಿಕ ‘ಮೆಟ್ರೊ 2033’; ಹಳೆಯ ‘ಫಾಲ್‌ಔಟ್’ನಲ್ಲಿ ಓದಬೇಕಾದ ಮಾತು ಬಹಳವಿರುವುದರಿಂದ ಅದಕ್ಕೆ ಬಿಡುವಿನ ದಿನಗಳೇ ಬೇಕು. ‘ಫ್ಯಾಕ್ಟೊರಿಯೊ’ವನ್ನು ಕೊನೆಗೆ ಇಟ್ಟುಕೊಂಡು, ಮೊದಲ ರಿಯಾಕ್ಟರಿಗೆ ಇಂಧನ ಹಾಕುವ ಮುನ್ನವೇ ಉಗಿ ತೊಟ್ಟಿಗಳನ್ನು ಕಟ್ಟಿಕೊಳ್ಳತಕ್ಕದ್ದು.